ಇಪ್ಪತ್ತು ಅಕ್ಷರಗಳ ಭಂಡಾರ

ಕೇಂಬ್ರಿಜ್‌ನ ಫ್ರೆಡರಿಕ್ ಸ್ಯಾಂಗರ್ ಇನ್ಸುಲಿನ್‌ನ 51 ಅಮೈನೋ ಆಮ್ಲಗಳ ಸಾಲನ್ನು ವರ್ಷಗಟ್ಟಲೆ ದುಡಿದು ಬಿಡಿಸಿಟ್ಟರು. 1958ರಲ್ಲಿ ನೊಬೆಲ್ ಅವರನ್ನರಸಿ ಬಂತು. ಅದೇ ಹಾದಿ ಹಿಡಿದ ಪ್ರಯೋಗಶಾಲೆಗಳು ಒಂದೊಂದೇ ಪ್ರೋಟೀನನ್ನು ಓದತೊಡಗಿದವು. ಓದಿದ್ದೆಲ್ಲ ಹತ್ತಾರು ಪತ್ರಿಕೆಗಳ ಪುಟಗಳಲ್ಲಿ ಚದುರಿ ಬಿದ್ದಿತ್ತು.

ಅದನ್ನು ಒಂದೆಡೆ ಕಲೆಹಾಕುವ ಹೊಣೆ ಹೊತ್ತವರು ಅಮೆರಿಕದ ಮಾರ್ಗರೆಟ್ ಡೇಹಾಫ್. ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಪಂಚ್ ಕಾರ್ಡ್ ಯಂತ್ರಗಳಿಂದ ಅಣುಗಳ ಶಕ್ತಿಯನ್ನು ಲೆಕ್ಕಹಾಕಿದ್ದ ಆಕೆ ಕಂಪ್ಯೂಟರಿಗೆ ಹೊಸಬರಲ್ಲ. 1962ರಲ್ಲಿ ರಾಬರ್ಟ್ ಲೆಡ್ಲಿ ಜೊತೆಗೂಡಿ ‘ಕಾಂಪ್ರೋಟೀನ್’ ಎಂಬ ಪ್ರೋಗ್ರಾಂ ರೂಪಿಸಿದರು. ಕತ್ತರಿಸಿದ ಪ್ರೋಟೀನಿನ ಚೂರುಗಳಲ್ಲಿ ಒಂದರ ತುದಿ ಇನ್ನೊಂದರ ಮೊದಲಿಗೆ ಎಲ್ಲಿ ಹೊಂದುತ್ತದೆಂದು ಹುಡುಕಿ, ಇಡೀ ಸಾಲನ್ನು ಅದು ಜೋಡಿಸಿಕೊಡುತ್ತಿತ್ತು.

1965ರಲ್ಲಿ ಡೇಹಾಫ್ ಮತ್ತು ಸಂಗಡಿಗರ ‘ಅಟ್ಲಾಸ್’ ಅಚ್ಚಾಯಿತು. ಅದರಲ್ಲಿದ್ದುದು 65 ಪ್ರೋಟೀನುಗಳು, ಅಷ್ಟೇ. ಆದರೆ ಅಂಥ ಸಂಗ್ರಹ ಅದಕ್ಕೂ ಮುಂಚೆ ಇರಲಿಲ್ಲ. ಒಂದೊಂದು ಆಮ್ಲಕ್ಕೆ ಮೂರು ಮೂರು ಅಕ್ಷರ ಬರೆದರೆ ಕಾರ್ಡುಗಳು ಬೇಗ ತುಂಬುತ್ತವೆಂದು ಡೇಹಾಫ್ ಒಂದೊಂದಕ್ಕೆ ಒಂದೇ ಅಕ್ಷರ ಗೊತ್ತುಮಾಡಿದರು. ಫೀನೈಲ್‌ಅಲನೈನಿಗೆ ಉಚ್ಚಾರಣೆ ಹಿಡಿದು ‘ಎಫ್’; ಎರಡು ಉಂಗುರ ಕೂಡಿಕೊಂಡ ದೊಡ್ಡ ಟ್ರಿಪ್ಟೋಫ್ಯಾನಿಗೆ ಅಗಲವಾದ ‘ಡಬ್ಲ್ಯೂ’. ಹೆಸರಿಡುವುದರಲ್ಲೂ ಎಷ್ಟು ಅಕ್ಕರೆ!

ಇನ್ನು ಎರಡು ಪ್ರೋಟೀನುಗಳ ಸಾಲುಗಳನ್ನು ಹೋಲಿಸುವ ಮಾತು. 1970ರಲ್ಲಿ ಸಾಲ್ ನೀಡಲ್‌ಮನ್ ಮತ್ತು ಕ್ರಿಶ್ಚಿಯನ್ ವುನ್ಶ್ ಒಂದು ಸಾಲನ್ನು ಅಡ್ಡ, ಇನ್ನೊಂದನ್ನು ಉದ್ದ ಬರೆದು, ಮನೆಮನೆಗೆ ಅಂಕ ತುಂಬಿ, ಅತಿ ಹೆಚ್ಚು ಅಂಕದ ದಾರಿಯನ್ನು ಹುಡುಕುವ ಕ್ರಮ ಕೊಟ್ಟರು. ಅವರು ಹೋಲಿಸಿದವುಗಳಲ್ಲಿ ತಿಮಿಂಗಿಲದ ಮಯೋಗ್ಲೋಬಿನ್ ಮತ್ತು ಮನುಷ್ಯನ ಹಿಮೋಗ್ಲೋಬಿನ್ ಇದ್ದವು. 1981ರಲ್ಲಿ ಟೆಂಪಲ್ ಸ್ಮಿತ್ ಮತ್ತು ಮೈಕೆಲ್ ವಾಟರ್‌ಮನ್ ಅದನ್ನು ಸಾಲಿನ ಯಾವುದೋ ಒಂದು ಭಾಗ ಮಾತ್ರ ಹೊಂದಿದರೂ ಹಿಡಿಯುವಂತೆ ತಿದ್ದಿದರು.

ಆದರೆ ಯಾವ ಬದಲಾವಣೆಗೆ ಎಷ್ಟು ಅಂಕ? ಇಲ್ಲೇ ಸಂಗ್ರಹದ ಬೆಲೆ ಗೊತ್ತಾಗುವುದು. ಹತ್ತಿರದ ನಂಟಿನ 71 ಪ್ರೋಟೀನ್ ಗುಂಪುಗಳಲ್ಲಿ 1,572 ಬದಲಾವಣೆಗಳನ್ನು ಎಣಿಸಿ ಡೇಹಾಫ್ ತಂಡ 1978ರಲ್ಲಿ ‘ಪ್ಯಾಮ್’ ಕೋಷ್ಟಕ ಪ್ರಕಟಿಸಿತು. ಲ್ಯೂಸಿನ್ ಜಾಗಕ್ಕೆ ಐಸೊಲ್ಯೂಸಿನ್ ಬಂದರೆ ಪ್ರಕೃತಿ ಸಹಿಸುತ್ತದೆ. ಟ್ರಿಪ್ಟೋಫ್ಯಾನ್ ಮಾತ್ರ ಸುಲಭಕ್ಕೆ ಜಾಗ ಬಿಡದು. ಊಹೆಯಿಂದ ಹುಟ್ಟಿದ ಅಂಕಗಳಲ್ಲ ಇವು, ಎಣಿಸಿ ಪಡೆದವು. ಸಂಗ್ರಹಕಾರರನ್ನು ಬರಿಯ ಗುಮಾಸ್ತರೆಂದು ಕಂಡವರಿಗೆ ಇದಕ್ಕಿಂತ ದೊಡ್ಡ ಉತ್ತರ ಬೇಕಿಲ್ಲ.

ಡೇಹಾಫ್ 1983ರ ಫೆಬ್ರವರಿಯಲ್ಲಿ, 57ರ ವಯಸ್ಸಿನಲ್ಲಿ ತೀರಿಕೊಂಡರು. ಅವರು ದುಡಿದ ಪ್ರತಿಷ್ಠಾನದಲ್ಲೇ ಮರುವರ್ಷ, ಆ ಅಟ್ಲಾಸಿನ ಬುನಾದಿಯ ಮೇಲೆ, ಪ್ರೋಟೀನ್ ಮಾಹಿತಿ ಸಂಪನ್ಮೂಲ ಕೇಂದ್ರ ಆರಂಭವಾಯಿತು.