13 ಮೂರುಗಳ ಕೀಲಿಕೈ

3333-33333-3333. ಈ ಅಂಕಿ ನೋಡಿದ ಕೂಡಲೇ ನಕ್ಕವರು ನನ್ನ ವಾರಿಗೆಯವರೇ ಇರಬೇಕು :)

ಇಂಡಿಯಲ್ಲಿದ್ದ ನಮಗೆ ಆಟದ ಸಿಡಿ ಸೊಲ್ಲಾಪುರದಿಂದ ಯಾರಾದರೂ ತಂದರೆ ಉಂಟು. ಕವರಿನ ಮೇಲೆ ಪೆನ್ನಿನಲ್ಲಿ ಈ 13 ಅಂಕಿ. ಮುದ್ದೇಬಿಹಾಳದ ಸೋದರಮಾವನ ಮಗ, ಸಿಂದಗಿ, ಬಸವನ ಬಾಗೇವಾಡಿಯ ಗೆಳೆಯರು... ಎಲ್ಲರದೂ ಇದೇ ಕೀಲಿ!

ಅದು ಹೇಗೆ ನಡೆಯಿತು? 1998ರಲ್ಲಿ ಬಂದ ಸ್ಟಾರ್‌ಕ್ರಾಫ್ಟ್ ಮತ್ತು ಹಾಫ್-ಲೈಫ್ ಎರಡರಲ್ಲೂ ಕೊನೆಯ ಅಂಕಿ ಬರೀ ತಾಳೆ ನೋಡಲಿಕ್ಕೆ. 3ರಿಂದ ಶುರು. ಮೊತ್ತದ ಎರಡರಷ್ಟನ್ನು ಕೀಲಿಯ ಮುಂದಿನ ಅಂಕಿಯ ಜೊತೆ ಎಕ್ಸಾರ್ ಮಾಡಿ, ಬಂದದ್ದನ್ನು ಮೊತ್ತಕ್ಕೇ ಕೂಡಿಸುವುದು. ಹೀಗೆ 12 ಸಲ. ಎಲ್ಲವೂ ಮೂರಾದರೆ ಕೊನೆಗೆ ಸಿಗುವುದು 1594323. ಅದರ ಕೊನೆಯ ಅಂಕಿ 3, ಕೀಲಿಯ ಕೊನೆಯದೂ 3. ಬಾಗಿಲು ತೆರೆಯಿತು! ಬಾಯಿಗೆ ಬಂದ 12 ಅಂಕಿ ಬರೆದರೂ, ಕೊನೆಯದನ್ನು ಹತ್ತು ಸಲ ಬದಲಿಸಿದರೆ ಒಂದು ಹೊಂದಲೇಬೇಕು.

ನಿಜವಾದ ಕಾವಲುಗಾರ ಇದ್ದದ್ದು ಇಂಟರ್‌ನೆಟ್ಟಿನಲ್ಲಿ. ಸ್ಟಾರ್‌ಕ್ರಾಫ್ಟಿಗೆ ಬ್ಯಾಟಲ್.ನೆಟ್, ಹಾಫ್-ಲೈಫಿಗೆ ವಾನ್ ಎಂಬ ಸರ್ವರ್. ಅಲ್ಲಿ ಲೆಕ್ಕ ಸರಿ ಇದ್ದರೆ ಸಾಲದು, ಕಂಪನಿ ಮಾರಿದ ಕೀಲಿಯೇ ಆಗಿರಬೇಕು, ಒಂದು ಕೀಲಿಗೆ ಒಂದು ಹೊತ್ತಿಗೆ ಒಬ್ಬನೇ. ಲ್ಯಾನ್ ಆಟಕ್ಕೆ ಈ ಕಾಟ ಇರಲಿಲ್ಲ. ಹಾಗಾಗಿ ನಾಲ್ಕು ಕಂಪ್ಯೂಟರಿಗೆ ತಂತಿ ಎಳೆದು ಆಡುತ್ತಿದ್ದ ನಮಗೆ ಆ ಕಾವಲುಗಾರನ ಮುಖವೇ ಗೊತ್ತಿರಲಿಲ್ಲ.

ಗೊತ್ತಾದದ್ದು ಬಾಗೇವಾಡಿಯ ಗೆಳೆಯನಿಗೆ. ನಮ್ಮಲ್ಲಿ ಅಸಲಿ ಡಬ್ಬಿ ಕೊಂಡವನು ಅವನೊಬ್ಬನೇ. ಬಿಜಾಪುರದ ಒಂದು ಸೈಬರ್ ಕೆಫೆಯಲ್ಲಿ ಹಾಫ್-ಲೈಫ್ ಹಾಕಿಕೊಂಡು ಆಡಿ ಬಂದ. ಕೀಲಿ ಆ ಕಂಪ್ಯೂಟರಿನ ರಿಜಿಸ್ಟ್ರಿಯಲ್ಲೇ ಉಳಿಯಿತು, ನೋಡಲು ಬಲ್ಲವನು ಓದಿಕೊಳ್ಳುವ ಹಾಗೆ. ಮುಂದಿನ ವಾರ ಹೋದರೆ, ಕೀಲಿ ಬಳಕೆಯಲ್ಲಿದೆ ಎಂಬ ಉತ್ತರ! ಕಾಸು ಕೊಟ್ಟವನು ಹೊರಗೆ, ಕದ್ದವನು ಒಳಗೆ. ನಾವು ಅವನನ್ನೇ ನೋಡಿ ನಕ್ಕೆವು. ಇವತ್ತಿಗೂ ಅದು ಚುಚ್ಚುತ್ತದೆ.

2003ರ ಸೆಪ್ಟೆಂಬರಿನಲ್ಲಿ ಸ್ಟೀಮ್ ಬಂತು, 2004ರ ಜುಲೈ ಕೊನೆಗೆ ವಾನ್ ಮುಚ್ಚಿತು. ಕೀಲಿಯನ್ನು ಒಮ್ಮೆ ಖಾತೆಗೆ ಕಟ್ಟಿದರೆ ಮತ್ತೊಬ್ಬನಿಗೆ ಅದು ಬರೀ ಅಂಕಿ. ಗೆಳೆಯನಿಗೆ ಬೇಕಿದ್ದ ಬೀಗ ಅದೇ. ಆದರೆ ಅದೇ ನವೆಂಬರಿನ ಹಾಫ್-ಲೈಫ್ 2, ಒಬ್ಬರೇ ಆಡಲಿಕ್ಕೂ ಮೊದಲು ನೆಟ್ಟಿಗೆ ಬಾ ಎಂದಿತು. ಡಯಲಪ್ಪಿನಲ್ಲಿದ್ದ ನಮ್ಮಂಥವರಿಗೆ ಅಪ್ಪನ ಫೋನ್ ಬಿಲ್ಲೇ ಎರಡನೇ ಬೀಗ!

2017ರಲ್ಲಿ ಹಳೆಯ ಸ್ಟಾರ್‌ಕ್ರಾಫ್ಟನ್ನು ಕಂಪನಿಯೇ ಪುಕ್ಕಟೆ ಕೊಟ್ಟಿತು. ಆ ಸಿಡಿ ಕವರ್ ಮಾತ್ರ ನನ್ನ ಟ್ರಂಕಿನಲ್ಲಿ ಹಾಗೇ ಇದೆ. ಗೆಳೆಯನಿಗೆ ಒಂದು ಫೋನ್ ಮಾಡಬೇಕು.