ಟಾಮ್ ಪೋರ್ಟರ್ ಮತ್ತು ಮೊಹಾಕ್ ಮೌಖಿಕ ಪರಂಪರೆ

ಟಾಮ್ ಪೋರ್ಟರ್: ಉತ್ತರ ಅಮೆರಿಕದ ಮೊಹಾಕ್ ಮೂಲನಿವಾಸಿಗಳ ಹಿರಿಯರು, ಮೌಖಿಕ ಪರಂಪರೆಯ ವಾಚಕರು. ಮೊಹಾಕ್ ಭಾಷೆಯಲ್ಲಿ ಅವರ ಹೆಸರು ಸಕೊಕ್ವೆನಿಯೋಂಕ್ವಾಸ್. ಕರಡಿ ಕುಲದವರು. ತುಳುನಾಡಿನ ಅಳಿಯಕಟ್ಟಿನ ಬಳಿಯಂತೆ ಮೊಹಾಕರಲ್ಲೂ ಕುಲ ಬರುವುದು ತಾಯಿಯಿಂದ. ಇರುವುದು ಕರಡಿ, ತೋಳ, ಆಮೆ ಎಂಬ ಮೂರು ಕುಲಗಳು. ಮುಖ್ಯಸ್ಥರನ್ನು ಆರಿಸುವ, ತಪ್ಪಿದರೆ ಇಳಿಸುವ ಅಧಿಕಾರ ಕುಲಮಾತೆಯರದು.

ಹಲವು ಮೂಲನಿವಾಸಿ ಜನಾಂಗಗಳು ಸೇರಿದ ಇರೊಕ್ವಾ ಒಕ್ಕೂಟದಲ್ಲಿ ಮೊಹಾಕರು ಪೂರ್ವದ ಬಾಗಿಲ ಕಾವಲುಗಾರರು. ಇಂದಿನ ನ್ಯೂಯಾರ್ಕ್ ರಾಜ್ಯದ ಮೊಹಾಕ್ ನದಿಯ ಕಣಿವೆ ಅವರ ಮೂಲನೆಲೆ. ಹದಿನೇಳನೆಯ ಶತಮಾನದಲ್ಲೇ ಕೆಲವರು ಉತ್ತರಕ್ಕೆ ಸರಿದಿದ್ದರು; ಅಮೆರಿಕದ ಸ್ವಾತಂತ್ರ್ಯ ಯುದ್ಧ ಉಳಿದವರನ್ನೂ ಒಕ್ಕಲೆಬ್ಬಿಸಿತು. ನೆಲ ಹೋದ ಮೇಲೆ ಭಾಷೆಯ ಸರದಿ. 1879ರಲ್ಲಿ ಪೆನ್ಸಿಲ್ವೇನಿಯದ ಕಾರ್ಲೈಲ್‌ನಲ್ಲಿ ತೆರೆದ ವಸತಿಶಾಲೆ ಮೂಲನಿವಾಸಿ ಮಕ್ಕಳ ಕೂದಲು ಕತ್ತರಿಸಿ, ತಾಯ್ನುಡಿಯನ್ನು ನಿಷೇಧಿಸಿತು. ಅದೇ ಮಾದರಿಯ ಶಾಲೆಗಳು ಬೇರೆಡೆಯೂ ಹುಟ್ಟಿಕೊಂಡವು. ಮನೆಯಲ್ಲಿ ಮಾತು ನಿಂತ ಕಡೆ ವಿಧಿ, ಹಾಡು, ಕಥೆಗಳೂ ಸೊರಗಿದವು.

ಪೋರ್ಟರ್ ಬೆಳೆದದ್ದು ಸೇಂಟ್ ಲಾರೆನ್ಸ್ ನದಿಯ ದಂಡೆಯ ಅಕ್ವೆಸಾಸ್ನೆಯಲ್ಲಿ. ನ್ಯೂಯಾರ್ಕ್, ಒಂಟಾರಿಯೊ, ಕ್ವಿಬೆಕ್ ಮೂರರ ಗಡಿಗಳೂ ಈ ಊರನ್ನು ಸೀಳಿಕೊಂಡು ಹೋಗುತ್ತವೆ. ಅವರ ವಿದ್ಯೆಯ ಬಹುಪಾಲು ಅಜ್ಜಿಯಿಂದ ಬಂದದ್ದು. 1960ರ ದಶಕದ ಕೊನೆಯಿಂದ ‘ವೈಟ್ ರೂಟ್ಸ್ ಆಫ್ ಪೀಸ್’ ತಂಡದೊಡನೆ ಊರೂರು ತಿರುಗಿ ಒಕ್ಕೂಟದ ಶಾಂತಿಸಂಹಿತೆಯನ್ನು ವಿವರಿಸಿದರು. ಆ ಕಾಲದ ಎಚ್ಚರ ಶಾಲೆಗಳಿಗೂ ಹಬ್ಬಿತು: 1978ರಲ್ಲಿ ಇನ್ನೊಂದು ಮೊಹಾಕ್ ನೆಲೆಯಾದ ಕಾನವಾಕೆಯ ‘ಸರ್ವೈವಲ್ ಸ್ಕೂಲ್’, 1979ರಲ್ಲಿ ಅಕ್ವೆಸಾಸ್ನೆಯ ‘ಫ್ರೀಡಂ ಸ್ಕೂಲ್’ ಆರಂಭವಾದವು. ಎರಡನೆಯದರ ಪಠ್ಯಕ್ರಮಕ್ಕೆ ಕೃತಜ್ಞತಾ ವಚನವೇ ಆಧಾರ.

ಮೊಹಾಕರ ಯಾವ ಸಾಂಪ್ರದಾಯಿಕ ಸಭೆಯೂ ಈ ವಚನವಿಲ್ಲದೆ ಶುರುವಾಗದು. ವಾಚಕರು ಮೊದಲು ಮನುಷ್ಯರನ್ನು, ಆಮೇಲೆ ಭೂತಾಯಿಯನ್ನು ನೆನೆಯುತ್ತಾರೆ. ನೀರು, ಮೀನು, ಗಿಡಮೂಲಿಕೆ, ಪ್ರಾಣಿ, ಮರ, ಹಕ್ಕಿ, ಗಾಳಿ, ಗುಡುಗು, ಸೂರ್ಯ, ಚಂದ್ರ, ನಕ್ಷತ್ರಗಳನ್ನು ದಾಟಿ ಕೊನೆಗೆ ಸೃಷ್ಟಿಕರ್ತನಲ್ಲಿಗೆ ಬರುತ್ತಾರೆ. ಹಣ್ಣುಗಳಿಗೆ ಸ್ಟ್ರಾಬೆರಿ ಮುಖಂಡ, ಮರಗಳಿಗೆ ಮೇಪಲ್. ಒಂದೊಂದು ಭಾಗ ಮುಗಿದಾಗಲೂ ಸೇರಿದವರು ಒಪ್ಪಿಗೆಯ ದನಿಗೂಡಿಸುತ್ತಾರೆ. ಬಾಯಿಪಾಠದ ಮಂತ್ರ ಇದಲ್ಲ. ಕ್ರಮ ಉಳಿಯುತ್ತದೆ, ಪದಗಳು ವಾಚಕರ ಸ್ವಂತದವು; ಹೀಗಾಗಿ ಕೆಲವೇ ನಿಮಿಷಗಳಲ್ಲಿ ಮುಗಿಸಲೂಬಹುದು, ಗಂಟೆಗಟ್ಟಲೆ ವಿಸ್ತರಿಸಲೂಬಹುದು. ಭಾಷೆಯನ್ನು ಅರೆಬರೆ ಬಲ್ಲವರಿಗೆ ಇದು ದಕ್ಕದು. ಈ ವಚನವನ್ನು ಹೇಳಬಲ್ಲ ಹಿರಿಯರೊಬ್ಬರು ಇಲ್ಲವಾದಾಗ ಸಮುದಾಯ ಕಳೆದುಕೊಳ್ಳುವುದನ್ನು ಧ್ವನಿಮುದ್ರಿಕೆ ತುಂಬಿಕೊಡಲಾರದು.

ಪೋರ್ಟರ್ ಅವರ ಅತಿ ದಿಟ್ಟ ಹೆಜ್ಜೆ 1993ರದು. ಮೊಹಾಕ್ ಕಣಿವೆಯ ಫೋಂಡಾ ಪಟ್ಟಣದ ಬಳಿ ಹರಾಜಿಗೆ ಬಂದ ಜಮೀನೊಂದನ್ನು ಕೊಂಡು, ಕೆಲವು ಕುಟುಂಬಗಳೊಡನೆ ಅವರು ಗನತ್ಸಿಯೊಹರೆಕೆ ಎಂಬ ನೆಲೆಯನ್ನು ಕಟ್ಟಿದರು. ಪೂರ್ವಿಕರು ಬಿಟ್ಟುಹೋದ ನೆಲಕ್ಕೆ ಎರಡು ಶತಮಾನಗಳ ಬಳಿಕ ಮೊಹಾಕರು ಮರಳಿದರು. ಬೇಸಾಯ, ಕರಕುಶಲ ಮಳಿಗೆ, ಸ್ಟ್ರಾಬೆರಿ ಹಬ್ಬಗಳ ಜೊತೆಗೆ ಬೇಸಗೆಯ ಭಾಷಾ ತರಗತಿಗಳೂ ಅಲ್ಲಿ ನಡೆದವು. ಈ ತರಗತಿಗಳನ್ನು ಪೋರ್ಟರ್ ಕಾರ್ಲೈಲ್ ಶಾಲೆಯ ತಿರುಗುಮುರುಗು ಎಂದು ಕಂಡರು: ಅಲ್ಲಿ ಕಿತ್ತುಕೊಂಡದ್ದನ್ನು ಇಲ್ಲಿ ಮರಳಿ ಕೊಡುವುದು.

ನ್ಯೂಯಾರ್ಕ್ ರಾಜ್ಯದ ಸೆರೆಮನೆಗಳಲ್ಲಿದ್ದ ಮೂಲನಿವಾಸಿ ಕೈದಿಗಳಿಗೂ ಅವರು ಧಾರ್ಮಿಕ ಮಾರ್ಗದರ್ಶಕರಾಗಿ ದುಡಿದರು. ಅವರ ಮಾತುಗಳನ್ನು ಬರಹಕ್ಕಿಳಿಸಿದ ‘ಆಂಡ್ ಗ್ರ್ಯಾಂಡ್‌ಮಾ ಸೆಡ್’ ಗ್ರಂಥ 2008ರಲ್ಲಿ ಪ್ರಕಟವಾಯಿತು. ಸೃಷ್ಟಿಕಥೆ, ಕುಲವ್ಯವಸ್ಥೆ, ಮದುವೆ, ಸಾವಿನ ವಿಧಿಗಳ ನಿರೂಪಣೆ ಅದರಲ್ಲಿದೆ.