ಆಜ್ಞೆಯೊಳಗಿನ ಆಣೆ

ಸೊಲ್ಲಾಪುರದಿಂದ ವಿಜಾಪುರ ರಸ್ತೆ ಹಿಡಿದು ತೆಂಕಣಕ್ಕೆ ಹೊರಟರೆ, ಭೀಮೆಯ ಸೇತುವೆ ದಾಟಿ ಧೂಳಖೇಡ ಮುಟ್ಟುವಷ್ಟರಲ್ಲಿ ಒಂದೇ ಅಪರಾಧದ ಹೆಸರು ಬದಲಾಗುತ್ತದೆ: ಈ ದಡದ ಮರಾಠಿ ಕಾಗದದಲ್ಲಿ ‘ನ್ಯಾಯಾಲಯಾಚಾ ಅವಮಾನ’, ಆ ದಡದ ಕನ್ನಡ ಕಾಗದದಲ್ಲಿ ‘ನ್ಯಾಯಾಂಗ ನಿಂದನೆ’. ಒಂದಕ್ಕೆ ಮಾನದ ಚಿಂತೆ, ಇನ್ನೊಂದಕ್ಕೆ ನಾಲಗೆಯ ಚಿಂತೆ. 1971ರ ಕಾಯ್ದೆಯ ಸಿವಿಲ್ ನಿಂದನೆಗಾದರೋ ಬಯ್ಗುಳವೇ ಬೇಕಿಲ್ಲ. ಡಿಕ್ರಿಯನ್ನೋ ಆದೇಶವನ್ನೋ ಬೇಕೆಂದೇ ಮೀರಿದರೂ ಸಾಕು, ಕೋರ್ಟಿಗೆ ಕೊಟ್ಟ ಮಾತನ್ನು ಬೇಕೆಂದೇ ಮುರಿದರೂ ಸಾಕು. ಆದೇಶವನ್ನೂ ಮಾತನ್ನೂ ಜೋಡಿಸಿದ ಆ ಕಲಮನ್ನು ಓದಿದಾಗಲೆಲ್ಲ ನನಗೆ ನಮ್ಮ ‘ಆಣೆ’ ನೆನಪಾಗುತ್ತದೆ.

ಸಂಸ್ಕೃತದ ‘ಆಜ್ಞಾ’ ಪ್ರಾಕೃತದಲ್ಲಿ ‘ಆಣಾ’ ಆಗಿ, ಕನ್ನಡದಲ್ಲಿ ‘ಆಣೆ’ಯಾಗಿ ನೆಲೆಸಿದ್ದು ಪದಪ್ರಿಯರಾದ ನಮಗೆಲ್ಲ ಗೊತ್ತಿರುವ ಸಂಗತಿ, ‘ರಾಜ್ಞಿ’ ರಾಣಿಯಾದದ್ದೂ ಇದೇ ದಾರಿಯಲ್ಲಿ, ‘ಆಣತಿ’ ಅದೇ ಮನೆತನದ್ದು. ಮೊದಲು ಅರಸನ ಅಪ್ಪಣೆ, ಆಮೇಲೆ ಅರಸನ ಹೆಸರು ಹಿಡಿದು ಇನ್ನೊಬ್ಬನನ್ನು ತಡೆಯುವ ‘ಆಣೆಯಿಡು’, ಕಡೆಗೆ ದೇವರ ಹೆಸರು ಹಿಡಿದು ತನ್ನನ್ನೇ ಕಟ್ಟಿಹಾಕಿಕೊಳ್ಳುವ ಪ್ರಮಾಣ, ಹೀಗೆ ಮೇಲಿನಿಂದ ಇಳಿದುಬಂದ ಮಾತು ಕೆಳಗಿನಿಂದ ಏಳುವ ಮಾತಾಯಿತು. ತಮಿಳಿನಲ್ಲಿ ಸರ್ಕಾರದ ಆದೇಶ ಇಂದಿಗೂ ‘ಅರಸಾಣೈ’. ಮರಾಠಿಯ ‘ಆಣ’ ನಮ್ಮದರಂತೆಯೇ ಶಪಥಕ್ಕೆ ನಿಂತಿತು. ಅಪ್ಪಣೆಗೆ ಅವರೂ ನಾವೂ ಮತ್ತೆ ಸಂಸ್ಕೃತಕ್ಕೇ ಹೋಗಿ ‘ಆಜ್ಞೆ’ ತಂದೆವು. ಬರೆಯುವುದು ಒಂದೇ ಒತ್ತಕ್ಷರ. ಅವರ ಬಾಯಲ್ಲಿ ಅದು ‘ಆದ್ನ್ಯಾ’, ನಮ್ಮ ಬಾಯಲ್ಲಿ ‘ಆಗ್ನೆ’.

ಅಕ್ಕಲಕೋಟೆ ಸೀಮೆಯ ಹೊಲದಲ್ಲಿ ಅಣ್ಣತಮ್ಮಂದಿರು ಬದುವಿಗಾಗಿ ಕೈ ಎತ್ತಿದರೆನ್ನೋಣ. ಓಡಿಬಂದ ತಾಯಿ, ‘ತಮ್ಮಾ, ಆ ಬದು ದಾಟಿದ್ರ ನನ್ನಾಣಿ ಐತಿ ನೋಡು’ ಅನ್ನುತ್ತಾಳೆ. ಕೋರ್ಟಿನ ‘ತಡೆಯಾಜ್ಞೆ’, ಮರಾಠಿಯ ‘ಮನಾಈ ಹುಕೂಮ’, ಊರವರ ‘ಸ್ಟೇ ತಂದಾನ’, ಈ ಮೂರೂ ಮಾಡುವ ಕೆಲಸ ಆ ‘ಆಣಿ’ಯಲ್ಲಿದೆ. ಅದು ಅಪ್ಪಣೆಯೋ ಶಪಥವೋ ಎಂದು ಬಿಡಿಸಿ ಹೇಳುವುದು ನನ್ನಿಂದಾಗದು. ಆ ಬೆಸುಗೆಯೇ ನನಗೆ ಇಷ್ಟ.

ಕ್ರಿಯಾಪದಗಳನ್ನೂ ಗಮನಿಸೋಣ. ಆಜ್ಞೆಯನ್ನು ಮೀರುತ್ತೇವೆ, ಮಾತನ್ನು ಮುರಿಯುತ್ತೇವೆ. ‘ತಪ್ಪು’ ಮಾತ್ರ ಎರಡಕ್ಕೂ ಸಲ್ಲುತ್ತದೆ, ಆಜ್ಞೆಗೆ ತಪ್ಪುವುದೂ ಉಂಟು, ಮಾತಿಗೆ ತಪ್ಪುವುದೂ ಉಂಟು. ಹೀಗೆ ತಪ್ಪಿದವರ ಮೇಲೆ ಸೊಲ್ಲಾಪುರದವನು ಹಾಕುವ ಅವಮಾನದ ಅರ್ಜಿ 2025ರ ಆಗಸ್ಟಿನಿಂದ ಮುಂಬಯಿಯ ಬದಲು ಕೊಲ್ಲಾಪುರದ ಸಂಚಾರಿ ಪೀಠಕ್ಕೆ ಹೋಗುತ್ತದೆ, ಧೂಳಖೇಡದವನ ನಿಂದನೆಯ ಅರ್ಜಿ ಕಲಬುರಗಿ ಪೀಠಕ್ಕೆ. ಎರಡೂ ಕಡೆ ಶಿಕ್ಷೆ ಗರಿಷ್ಠ ಆರು ತಿಂಗಳ ಸಾದಾ ಸಜೆ, ಇಲ್ಲವೆ 2000 ರೂಪಾಯಿ ದಂಡ, ಇಲ್ಲವೆ ಎರಡೂ; ಕ್ಷಮೆಯಾಚನೆ ಕೋರ್ಟಿಗೆ ಒಪ್ಪಿಗೆಯಾದರೆ ಶಿಕ್ಷೆಯನ್ನು ಮನ್ನಿಸಲೂಬಹುದು. 2002ರಲ್ಲಿ ಕಾವೇರಿ ನೀರಿನ ಆದೇಶದ ವಿಚಾರವಾಗಿ ಮುಖ್ಯಮಂತ್ರಿ ಎಸ್.ಎಂ. ಕೃಷ್ಣ ಸುಪ್ರೀಂ ಕೋರ್ಟಿನ ಕ್ಷಮೆ ಕೇಳಿದ್ದು ನಮಗೆ ನೆನಪಿದೆ. ಅಂಥ ಕ್ಷಮೆಯ ಅರ್ಜಿ ಎಷ್ಟು ಪುಟದ್ದಿದ್ದರೂ ಮನೆಮಾತಿನಲ್ಲಿ ಅದು ಒಂದೇ ಪದ: ‘ತಪ್ಪಾಯ್ತು’. ಆಣೆಗೆ ತಪ್ಪಿದ ಆ ಕ್ರಿಯೆಯೇ ಇಲ್ಲಿ ನಾಮಪದವಾಗಿ ಕೈಮುಗಿದು ನಿಂತಿದೆ.